ಒಂದು ನಿಮಿಷದ ಹಾಡು

ಕೇಳುಗರಿಗೆ ನಮಸ್ಕಾರ.

ದಾವಣಗೆರೆಯಲ್ಲಿ ಗಣಪತಿ ಹಬ್ಬ ಬಂತು ಅಂದರೆ ಆರ್ಕೆಸ್ಟ್ರಾದವರಿಗೆ ಸುಗ್ಗಿ. ಒಂದಷ್ಟು ವರ್ಷ ನಾನೂ ಆ ಸುಗ್ಗಿಯಲ್ಲಿ ಇದ್ದವನೇ. ಬೇಸ್ ಗಿಟಾರ್ ನುಡಿಸುತ್ತಿದ್ದೆ. ಉದ್ದ ಕತ್ತು, ದಪ್ಪ ದನಿ, ನಾಲ್ಕೇ ತಂತಿ. ಪೆಂಡಾಲಿನಲ್ಲಿ ಕೂತವರಿಗೆ ಅದು ಇದೆ ಅಂತಲೇ ಗೊತ್ತಾಗುವುದಿಲ್ಲ. ನಿಲ್ಲಿಸಿದರೆ ಮಾತ್ರ ಏನೋ ಕಮ್ಮಿ ಆಯ್ತಲ್ಲ ಅನ್ನಿಸುತ್ತದೆ. ನಮ್ಮ ಮಾವ ಒಬ್ಬರು ಒಂದು ದಿನ ಕೇಳಿದರು, "ಎಲ್ಲರದಕ್ಕೂ ಆರು ತಂತಿ ಅದಾವು, ನಿಂದಕ್ಕ್ಯಾಕೆ ನಾಲ್ಕು? ಎರಡು ಹರಿದ್ವೇನು?"

ಮಾವನ ಆ ತಮಾಷೆ ಒಬ್ಬನ ವಿಷಯದಲ್ಲಿ ಹೆಚ್ಚೂಕಮ್ಮಿ ನಿಜವೇ ಆಗಿತ್ತು. ಅವನ ಹೆಸರು ಮೈಕ್ ವಾಟ್. ಊರು ಅಮೆರಿಕದ ಕ್ಯಾಲಿಫೋರ್ನಿಯಾ ಕಡಲತೀರದ ಸ್ಯಾನ್ ಪೆಡ್ರೊ. ಅಲ್ಲಿಯವರ ಬಾಯಲ್ಲಿ ಅದು ಪೀಡ್ರೊ. ನಮ್ಮ ಬಾಯಲ್ಲಿ ದಾವಣಗೆರೆ ದಾವಣಗೇರಿ ಆಗುತ್ತಲ್ಲ, ಹಾಗೆ. ಅವನೂ ಅವನ ಗೆಳೆಯರೂ ಕಟ್ಟಿದ ಪಂಕ್ ರಾಕ್ ಬ್ಯಾಂಡ್ ಮಿನಿಟ್‌ಮೆನ್. ಇವತ್ತಿನ ಮಾತು ಅದರದ್ದು.

ಕಡಲತೀರ ಅಂದರೆ ಘಟ್ಟದ ಮೇಲಿನ ನಮಗೆ ಮುರುಡೇಶ್ವರದ ಟ್ರಿಪ್ಪು. ಪ್ಯಾಂಟು ಮಡಚಿಕೊಂಡು ನೀರಿಗಿಳಿಯುವುದು, ಎಳನೀರು ಕುಡಿಯುವುದು, ಮರಳು ತುಂಬಿದ ಚಪ್ಪಲಿಯಲ್ಲಿ ರಾತ್ರಿ ಬಸ್ಸು ಹತ್ತುವುದು. ಸ್ಯಾನ್ ಪೆಡ್ರೊ ಅಂಥ ಊರಲ್ಲ. ಅದು ಲಾಸ್ ಏಂಜಲೀಸ್‌ನ ಬಂದರು. ಹಡಗಿನ ಸರಕು ಇಳಿಸುವವರು, ಮೀನು ಹಿಡಿಯುವವರು, ನೌಕಾಪಡೆಯಲ್ಲಿ ದುಡಿದವರು ಇರುವ ಜಾಗ. ಹತ್ತಿ ಗಿರಣಿ ನೋಡಿ ಬೆಳೆದ ದಾವಣಗೆರೆಯವರಿಗೆ ಇಂಥ ಊರನ್ನು ಜಾಸ್ತಿ ವಿವರಿಸಬೇಕಾಗಿಲ್ಲ. ಸಿನಿಮಾದವರ ಹಾಲಿವುಡ್ ಅಲ್ಲಿಂದ ಸುಮಾರು 40 ಕಿಲೋಮೀಟರ್. ಇಲ್ಲಿಂದ ಚಿತ್ರದುರ್ಗಕ್ಕೆ ಹೋದಷ್ಟೂ ದೂರ ಇಲ್ಲ. ಆದರೆ ಹಾಲಿವುಡ್ಡಿನ ಹುಡುಗರ ಕಣ್ಣಿಗೆ ಪೀಡ್ರೊದವರು ಬರೀ ಹಳ್ಳಿ ಗಮಾರರು.

ಗೆಳೆತನ ಶುರುವಾದದ್ದು ಮರದಿಂದ. ಸುಮ್ನೆ ಮಾತಿಗೆ ಹೇಳುತ್ತಿಲ್ಲ. 1970ರ ಆಸುಪಾಸು. ವಾಟ್‌ಗೆ ಸುಮಾರು ಹದಿಮೂರು ವರ್ಷ. ಪಾರ್ಕಿನಲ್ಲಿ ನಡೆದು ಹೋಗುತ್ತಿದ್ದಾನೆ. ಮೇಲಿನಿಂದ ಒಬ್ಬ ದಪ್ಪ ಹುಡುಗ ದೊಪ್ಪಂತ ಮುಂದೆ ಬಿದ್ದ. ಅವನು ಗೆಳೆಯರ ಜೊತೆ ಯುದ್ಧದ ಆಟ ಆಡುತ್ತಿದ್ದ, ತನ್ನ ಕಡೆಯ ಹುಡುಗ ಅಂದುಕೊಂಡು ಹಾರಿಬಿಟ್ಟಿದ್ದ. ಅವನೇ ಡಿ. ಬೂನ್. ಬಿದ್ದವನು ಸುಮ್ಮನಿರಲಿಲ್ಲ, ಒಂದೇ ಸಮನೆ ಮಾತಾಡತೊಡಗಿದ. ಎಂಥ ಮಾತು! ವಾಟ್ ಬೆರಗಾಗಿ ಹೋದ, ಇಷ್ಟು ಜಾಣ ಹುಡುಗನನ್ನು ನಾನು ನೋಡಿಯೇ ಇಲ್ಲ ಅಂದುಕೊಂಡ. ಆಮೇಲೆ ಬೂನ್ ಮನೆಗೆ ಹೋದಾಗ ಗುಟ್ಟು ಬಯಲಾಯಿತು. ಆ ಮಾತೆಲ್ಲ ಜಾರ್ಜ್ ಕಾರ್ಲಿನ್ ಅನ್ನುವ ಹಾಸ್ಯಗಾರನ ಗ್ರಾಮಫೋನ್ ಪ್ಲೇಟಿನದ್ದು. ಹುಡುಗ ಪೂರ್ತಿ ಬಾಯಿಪಾಠ ಮಾಡಿದ್ದ.

ಬ್ಯಾಂಡು ಕಟ್ಟಿಸಿದವರು ಬೂನ್‌ನ ತಾಯಿ. ಹುಡುಗರು ಬೀದಿ ಸುತ್ತಿ ಕೆಡುವುದಕ್ಕಿಂತ ಮನೆಯಲ್ಲಿ ಕೂತು ಏನಾದರೂ ನುಡಿಸಲಿ ಅನ್ನುವುದು ಅವರ ಲೆಕ್ಕ. ನಿನ್ನದು ಗಿಟಾರು, ಇವನದು ಬೇಸು ಅಂತ ಅವರೇ ಹಂಚಿದರು. ವಾಟ್‌ಗೆ ಬೇಸ್ ಅಂದರೇನು ಅಂತಲೇ ಗೊತ್ತಿಲ್ಲ. ದೊಡ್ಡ ದೊಡ್ಡ ಸಭಾಂಗಣದಲ್ಲಿ ಎಲ್ಲೋ ದೂರ ಕೂತು ನೋಡಿದ್ದ, ಆಲ್ಬಂ ರಟ್ಟಿನ ಮೇಲೆ ಚಿತ್ರ ನೋಡಿದ್ದ. ಅದಕ್ಕೆ ನಾಲ್ಕು ತಂತಿ ಇರುತ್ತವೆ ಅನ್ನುವುದಷ್ಟೇ ಕಂಡಿತ್ತು. ಆ ತಂತಿಗಳು ದಪ್ಪ ಇರುತ್ತವೆ ಅಂತ ಕಂಡಿರಲಿಲ್ಲ. ಅವನೇನು ಮಾಡಿದ? ಮಾಮೂಲಿ ಗಿಟಾರಿಗೆ ನಾಲ್ಕೇ ತಂತಿ ಇಟ್ಟುಕೊಂಡು ಇದೇ ಬೇಸ್ ಅಂತ ನುಡಿಸಿದ! ನಿಜವಾದ ಬೇಸ್ ಗಿಟಾರ್ ಕೈಗೆ ಬಂದದ್ದು ಎಷ್ಟೋ ಆಮೇಲೆ.

ಸ್ವಂತ ಹಾಡು ಕಟ್ಟಬಹುದು ಅನ್ನುವುದೂ ಅವರ ತಲೆಗೆ ಬಂದಿರಲಿಲ್ಲ. ದೊಡ್ಡ ಬ್ಯಾಂಡುಗಳ ಹಾಡನ್ನೇ ಮಲಗುವ ಕೋಣೆಯಲ್ಲಿ ಕೂತು ಕಾಪಿ ಹೊಡೆಯುತ್ತಿದ್ದರು. ನಾವು ಆರ್ಕೆಸ್ಟ್ರಾದವರು ಜೀವನಪೂರ್ತಿ ಮಾಡುವುದು ಅದನ್ನೇ, ಹಾಗಾಗಿ ನಾನು ನಗುವ ಹಾಗಿಲ್ಲ.

ಎಪ್ಪತ್ತರ ದಶಕದ ಕೊನೆಗೆ ಪಂಕ್ ಬಂತು. ನ್ಯೂಯಾರ್ಕ್, ಲಂಡನ್ನಿನ ಗಾಳಿ ಹಾಲಿವುಡ್ಡಿಗೂ ಬೀಸಿತು. ಪಂಕ್ ಅಂದರೆ ಹರಿದ ಬಟ್ಟೆ, ಕೋಳಿ ಜುಟ್ಟು ಅಂತ ನಾವು ಫೋಟೊದಲ್ಲಿ ನೋಡಿದ್ದೇವೆ. ಬೂನ್, ವಾಟ್ ಕಂಡದ್ದು ಬೇರೆ. ವೇದಿಕೆ ಮೇಲೆ ಇದ್ದವರು ಇವರಂಥವರೇ. ಕೆಲವರಿಗೆ ಇವರಷ್ಟೂ ನುಡಿಸಲು ಬರುತ್ತಿರಲಿಲ್ಲ. ಆದರೂ ತಮ್ಮದೇ ಹಾಡು ಹಾಡುತ್ತಿದ್ದರು. ಅಯ್ಯೋ, ಇದು ನಮ್ಮಿಂದಲೂ ಆಗುತ್ತಲ್ಲ! ಮೊದಲು 1978ರಲ್ಲಿ ಒಂದು ಬ್ಯಾಂಡು ಕಟ್ಟಿದರು, ಅದು ಬಾಳಲಿಲ್ಲ. 1980ರಲ್ಲಿ ಮಿನಿಟ್‌ಮೆನ್ ಹುಟ್ಟಿತು. ಡ್ರಮ್ಸಿಗೆ ಅದೇ ಊರಿನ ಜಾರ್ಜ್ ಹರ್ಲಿ ಬಂದ. ಅಲೆಯ ಮೇಲೆ ಹಲಗೆ ಹಾಕಿ ತೇಲುತ್ತಾರಲ್ಲ, ಆ ಸರ್ಫಿಂಗ್ ಹುಚ್ಚಿನವನು. ಮೂರೇ ಜನ.

ಇವರ ಪ್ಲೇಟು ತಂದ ಕಂಪನಿಯ ಹೆಸರು ಎಸ್‌ಎಸ್‌ಟಿ. ರೇಡಿಯೋ ಕೇಳುವ ನಿಮಗೆ ಇದನ್ನು ಹೇಳಲೇಬೇಕು. ಎಸ್‌ಎಸ್‌ಟಿ ಅಂದರೆ ಸಾಲಿಡ್ ಸ್ಟೇಟ್ ಟ್ರಾನ್ಸ್‌ಮಿಟರ್ಸ್. ಗ್ರೆಗ್ ಗಿನ್ ಅನ್ನುವವನು ಹುಡುಗನಾಗಿದ್ದಾಗ ಹಳೇ ರೇಡಿಯೋ ಸಾಮಾನು ಸರಿಪಡಿಸಿ ಅಂಚೆಯಲ್ಲಿ ಮಾರುತ್ತಿದ್ದ ಅಂಗಡಿ ಅದು. ಆಮೇಲೆ ಅವನು ಬ್ಲ್ಯಾಕ್ ಫ್ಲ್ಯಾಗ್ ಅನ್ನುವ ಬ್ಯಾಂಡ್ ಕಟ್ಟಿದ, ಯಾರೂ ಪ್ಲೇಟು ತರಲಿಲ್ಲ. ಸರಿ, ರೇಡಿಯೋ ಅಂಗಡಿಯ ಹೆಸರಿನಲ್ಲೇ ತಾನೇ ತಂದ. ಎರಡನೆಯದು ಮಿನಿಟ್‌ಮೆನ್‌ರದು. ಅದರಲ್ಲಿ ಏಳು ಹಾಡು. ಎಲ್ಲ ಸೇರಿ ಏಳು ನಿಮಿಷವೂ ಇಲ್ಲ. ಮರುವರ್ಷದ ಆಲ್ಬಂನಲ್ಲಿ 18 ಹಾಡು, ಹದಿನೈದೇ ನಿಮಿಷ.

ಹಾಡು ನಿಮಿಷದ್ದು ಅಂತ ಮಿನಿಟ್‌ಮೆನ್ ಹೆಸರು ಬಂತು ಅಂತ ತುಂಬ ಜನ ಅಂದುಕೊಂಡರು. ಹಾಗಲ್ಲ. ಅಮೆರಿಕದ ಸ್ವಾತಂತ್ರ್ಯದ ಯುದ್ಧದಲ್ಲಿ ಕರೆ ಬಂದ ನಿಮಿಷಕ್ಕೆ ಬಂದೂಕು ಎತ್ತಿಕೊಂಡು ಹೊರಡುತ್ತಿದ್ದ ರೈತ ಸೈನಿಕರಿಗೆ ಇದ್ದ ಹೆಸರು ಅದು.

ಹಾಡು ಯಾಕೆ ಅಷ್ಟು ಚಿಕ್ಕದು? ಪಲ್ಲವಿ ಮತ್ತೆ ಮತ್ತೆ ಬರುವುದಿಲ್ಲ, ಗಿಟಾರಿನವನು ಕಣ್ಣು ಮುಚ್ಚಿ ಐದು ನಿಮಿಷ ಮೆರೆಯುವುದಿಲ್ಲ. ಹೇಳುವುದು ಹೇಳಿದರು, ಮುಗಿಯಿತು. ಅವರದು ಒಂದು ಮಾತಿತ್ತು, 'ಎಕಾನೊ'. ಎಕನಾಮಿಕಲ್ ಅನ್ನುವುದರ ಮೊಟಕು. ರೆಕಾರ್ಡಿಂಗ್ ಸ್ಟುಡಿಯೋಕ್ಕೆ ನಡುರಾತ್ರಿ ಹೋಗುವುದು, ಆಗ ಬಾಡಿಗೆ ಕಮ್ಮಿ. ಒಮ್ಮೆ ಬಳಸಿದ ಟೇಪು ಕೊಳ್ಳುವುದು. ಪ್ಲೇಟಿನಲ್ಲಿ ಯಾವ ಸಾಲಿನಲ್ಲಿ ಹಾಡು ಬರಬೇಕೋ ಅದೇ ಸಾಲಿನಲ್ಲಿ ನುಡಿಸಿಬಿಡುವುದು, ಕತ್ತರಿಸಿ ಜೋಡಿಸುವ ಖರ್ಚು ಉಳಿಯುತ್ತೆ. ಊರೂರಿಗೆ ಹೋಗಲು ಒಂದು ವ್ಯಾನು. ಓಡಿಸುವವರೂ ಅವರೇ, ಪೆಟ್ಟಿಗೆ ಹೊರುವವರೂ ಅವರೇ.

ಈ ಪೆಟ್ಟಿಗೆ ಹೊರುವ ವಿಷಯ ನನಗೆ ಗೊತ್ತು. ರಾತ್ರಿ ಒಂದು ಗಂಟೆಗೆ ಕಾರ್ಯಕ್ರಮ ಮುಗಿಯುತ್ತೆ. ಚಪ್ಪಾಳೆ ಹೊಡೆದವರೆಲ್ಲ ಮನೆಗೆ. ನಾವು ನಾಲ್ಕು ಜನ ಸೌಂಡ್ ಬಾಕ್ಸನ್ನು ಏಸ್ ಗಾಡಿಗೆ ಏರಿಸಬೇಕು. ಬಾಕ್ಸಿನ ಹಿಡಿ ಒಂದು ಕಡೆ ಕಿತ್ತಿತ್ತು, ಅಲ್ಲಿಗೆ ಬೈಕಿನ ಹಳೇ ಟ್ಯೂಬು ಕಟ್ಟಿದ್ದೆವು. ಕೈ ಜಾರಿದರೆ ಕಾಲ ಮೇಲೆ. ಒಂದು ಸಲ ಹಳ್ಳಿಯೊಂದರ ಕಮಿಟಿಯವರು ಒಪ್ಪಿದ ದುಡ್ಡಿನಲ್ಲಿ ಅರ್ಧ ಕೊಟ್ಟು, ಉಳಿದದ್ದಕ್ಕೆ ಎರಡು ಚೀಲ ಮೆಕ್ಕೆಜೋಳ ಹೇರಿ ಕಳಿಸಿದ್ದರು. ಆ ರಾತ್ರಿ ಡ್ರಮ್ ಸೆಟ್ಟು ಜೋಳದ ಮೇಲೆ ಕೂತು ಬಂತು, ನಾವು ಡ್ರಮ್ ಸೆಟ್ಟಿನ ಸಂದಿಯಲ್ಲಿ. ಆದರೆ ನಮ್ಮ ಕೈ ಬಿಗಿ ಹಿಡಿತ ಬರೀ ಕೈ ಬಿಗಿ ಹಿಡಿತವಾಗೇ ಉಳಿಯಿತು. ಅವರು ಅದರಿಂದಲೇ ಒಂದು ಹೊಸ ನಾದ ಮಾಡಿಕೊಂಡರು. ವ್ಯತ್ಯಾಸ ಇರುವುದು ಅಲ್ಲಿ.

ಇನ್ನೊಂದು ಸಂಗತಿ ಬೇಸ್ ನುಡಿಸುವವನಾಗಿ ನನ್ನ ಹೊಟ್ಟೆ ಉರಿಸುತ್ತೆ. ಬೂನ್ ತನ್ನ ಗಿಟಾರಿನ ದನಿಯಲ್ಲಿ ದಪ್ಪವನ್ನೆಲ್ಲ ತೆಗೆದುಹಾಕಿದ್ದ. ಬರೀ ಟ್ರೆಬಲ್, ಅಂದರೆ ಮೇಲಿನ ಚೂಪು ದನಿ, ಚೂರಿ ಮಸೆದ ಹಾಗೆ. ಯಾಕೆ ಅಂದರೆ ಕೆಳಗಿನ ಜಾಗ ವಾಟ್‌ಗೂ ಹರ್ಲಿಗೂ ಬಿಡಬೇಕಲ್ಲ. ರಾಕ್ ಬ್ಯಾಂಡಿನಲ್ಲಿ ಗಿಟಾರಿನವನು ಜಮೀನ್ದಾರ, ಬೇಸಿನವನು ಜೀತದಾಳು. ಹಾಗಿರಬಾರದು, ಮೂವರಿಗೂ ಸಮಪಾಲು ಅಂತ ಅವನ ಹಟ. ಸಮಾನತೆ ಅಂತ ಹಾಡಿದವರು ಬೇಕಾದಷ್ಟು ಜನ. ಅದಕ್ಕಾಗಿ ತನ್ನ ಆಂಪ್ಲಿಫೈಯರ್ ಗುಂಡಿ ತಿರುಗಿಸಿದವನು ಇವನು. ನಮ್ಮ ಮೈಕ್ ಸೆಟ್ಟಿನ ಅಣ್ಣನಿಗೆ "ಅಣ್ಣಾ, ಬೇಸ್ ಒಂಚೂರು ಏರಿಸು" ಅಂತ ಎಷ್ಟು ಸಲ ಕೈ ಮುಗಿದಿಲ್ಲ ನಾನು! ತಲೆ ಆಡಿಸುತ್ತಿದ್ದ, ಗುಂಡಿ ಮುಟ್ಟುತ್ತಿರಲಿಲ್ಲ.

ಇವರ ದೊಡ್ಡ ಕೆಲಸ 1984ರದ್ದು. ಒಂದು ಆಲ್ಬಂ ರೆಡಿ ಆಗಿತ್ತು. ಅಷ್ಟರಲ್ಲಿ ಅದೇ ಕಂಪನಿಯ ಇನ್ನೊಂದು ಬ್ಯಾಂಡು, ಮಿನೆಸೋಟಾದ ಹಸ್ಕರ್ ಡು, ಎರಡು ಪ್ಲೇಟಿನ ಆಲ್ಬಂ ಮಾಡಿದ ಸುದ್ದಿ ಬಂತು. ಓಹೋ ಹಾಗೋ ಅಂತ ಇವರೂ ಮತ್ತೆ ಕೂತು ಹಾಡು ಬರೆದರು. 40ಕ್ಕೂ ಹೆಚ್ಚು ಹಾಡಾಯಿತು. ಖರ್ಚು ಸುಮಾರು 1,100 ಡಾಲರ್. ಎಲ್ಲ ಹಾಡಿನ ಮಿಕ್ಸಿಂಗ್, ಅಂದರೆ ಒಂದೊಂದು ವಾದ್ಯದ ದನಿಯನ್ನೂ ಹದ ನೋಡಿ ಬೆರೆಸುವ ಕೆಲಸ, ಒಂದೇ ರಾತ್ರಿ.

ಎರಡು ಪ್ಲೇಟು ಅಂದರೆ ನಾಲ್ಕು ಸೈಡು. ಹಾಡು ಹಂಚುವುದು ಹೇಗೆ? ಮಕ್ಕಳು ಕಬಡ್ಡಿಗೆ ಟೀಮು ಆರಿಸಿಕೊಳ್ಳುವ ಹಾಗೆ ಸರದಿಯಲ್ಲಿ ಒಬ್ಬೊಬ್ಬ ಒಂದೊಂದು ಹಾಡು ಆರಿಸಿಕೊಂಡ. ಒಬ್ಬೊಬ್ಬನಿಗೆ ಒಂದು ಸೈಡು. ಅವನವನ ಸೈಡು ಅವನವನ ಗಾಡಿ ಸ್ಟಾರ್ಟ್ ಆಗುವ ಸದ್ದಿನಿಂದ ಶುರು. ಯಾರಿಗೂ ಬೇಡವಾಗಿ ಉಳಿದ ಹಾಡು ನಾಲ್ಕನೇ ಸೈಡಿಗೆ. ಅದಕ್ಕೊಂದು ಹೆಸರು ಬೇಕಲ್ಲ? 'ಜಳ್ಳು' ಅಂತ ಇಟ್ಟರು. ಕಣದಲ್ಲಿ ತೂರಿದಾಗ ಗಾಳಿಗೆ ಹಾರಿ ಬೀಳುತ್ತಲ್ಲ, ಅದೇ ಜಳ್ಳು. ತಮ್ಮ ಹಾಡನ್ನು ತಾವೇ ಜಳ್ಳು ಅಂತ ಪ್ಲೇಟಿನ ಮೇಲೆ ಅಚ್ಚು ಹಾಕಿಸಿದವರನ್ನು ನಾನು ಬೇರೆ ಕಂಡಿಲ್ಲ.

ರಟ್ಟಿನ ಮೇಲಿನ ಫೋಟೊ ಇನ್ನೂ ಮಜಾ. ವಾಟ್ ಕಾರು ಓಡಿಸುತ್ತಿದ್ದಾನೆ. ಸ್ಪೀಡೋಮೀಟರ್ ಮುಳ್ಳು ಸರಿಯಾಗಿ 55ಕ್ಕೆ. ಆಗ ಅಲ್ಲಿನ ಕಾನೂನು ಒಪ್ಪಿದ ವೇಗ ಗಂಟೆಗೆ 55 ಮೈಲಿ. ನನಗೆ 55ರಲ್ಲಿ ಓಡಿಸೋಕೆ ಆಗಲ್ಲ ಅಂತ ಒಬ್ಬ ದೊಡ್ಡ ರಾಕ್ ಗಾಯಕ ಹಾಡಿ ಗಂಡಸುತನ ತೋರಿಸಿದ್ದ. ನಾವು ಗಾಡಿ ನಿಧಾನ ಓಡಿಸುತ್ತೇವೆ, ಹುಚ್ಚಾಟವೆಲ್ಲ ಸಂಗೀತದಲ್ಲಿ ಅನ್ನುವುದು ಇವರ ಉತ್ತರ. ಜೋಕು ಒಬ್ಬರಿಗೂ ಅರ್ಥವಾಗಲಿಲ್ಲವಂತೆ.

ಆ ಆಲ್ಬಂನ ಒಂದು ಹಾಡು ಮುಂದೆ ಎಂಟಿವಿಯ ಒಂದು ತುಂಟ ಕಾರ್ಯಕ್ರಮದ ಶೀರ್ಷಿಕೆ ಸಂಗೀತ ಆಯಿತು. ಹುಡುಗರು ಬೇಕಂತಲೇ ಬೀಳುವುದು, ಪೆಟ್ಟು ತಿನ್ನುವುದು, ಅಂಥದ್ದು. ನಾನು ಮೊದಲು ಕೇಳಿದ್ದು ಹಾಗೆಯೇ, ನಗಿಸುವ ಹಾಡು ಅಂದುಕೊಂಡಿದ್ದೆ. ಹಾಡು ಹುಟ್ಟಿದ್ದು ಮೆಕ್ಸಿಕೋದ ಕಡಲತೀರದಲ್ಲಿ. ಗೆಳೆಯರೆಲ್ಲ ರಾತ್ರಿ ಪಾರ್ಟಿ ಮಾಡಿ ಮಲಗಿದ್ದಾರೆ. ಬೆಳಿಗ್ಗೆ ನೋಡಿದರೆ ಒಬ್ಬ ಬಡ ಹೆಂಗಸು ಮರಳಿನಲ್ಲಿ ಖಾಲಿ ಬಾಟಲಿ ಆರಿಸುತ್ತಿದ್ದಾಳೆ, ಮಾರಿದರೆ ನಾಲ್ಕು ಕಾಸು. ಬೂನ್‌ಗೆ ಅದು ತಡೆಯಲಿಲ್ಲ. ಈಗ ಆ ಗಿಟಾರು ಕೇಳಿದರೆ ನನಗೆ ಗುಜರಿ ಚೀಲ ಹೊತ್ತು ನಮ್ಮ ಬೀದಿಗೆ ನಸುಕಿನಲ್ಲಿ ಬರುವ ಅಜ್ಜಿ ಕಣ್ಣಿಗೆ ಬರುತ್ತಾಳೆ.

1985ರ ಡಿಸೆಂಬರಿನಲ್ಲಿ ಅವರು ಆರ್‌ಇಎಂ ಅನ್ನುವ ಹೆಸರಾಂತ ಬ್ಯಾಂಡಿನ ಜೊತೆ ಪ್ರವಾಸ ಮುಗಿಸಿ ಬಂದಿದ್ದರು. ದೊಡ್ಡ ವೇದಿಕೆ ಆಗಷ್ಟೇ ಸಿಗತೊಡಗಿತ್ತು. ಅದೇ ತಿಂಗಳು 22ರಂದು ಅರಿಜೋನಾದ ಮರಳುಗಾಡಿನ ರಸ್ತೆಯಲ್ಲಿ ವ್ಯಾನು ಪಲ್ಟಿಯಾಯಿತು. ಮೈ ಹುಷಾರಿಲ್ಲದೆ ಹಿಂದೆ ಮಲಗಿದ್ದ ಬೂನ್ ಹೊರಗೆ ಎಸೆಯಲ್ಪಟ್ಟು ತೀರಿಕೊಂಡ. 27 ವರ್ಷ. ಬ್ಯಾಂಡು ಅಲ್ಲಿಗೇ ನಿಂತಿತು.

ವಾಟ್ ಕೂಡ ಸಂಗೀತ ಬಿಟ್ಟ ಹಾಗೇ ಇದ್ದ. ಒಹಾಯೊದಿಂದ ಒಬ್ಬ ಅಭಿಮಾನಿ, ಎಡ್ ಕ್ರಾಫರ್ಡ್, ಹುಡುಕಿಕೊಂಡು ಬಂದು, ನುಡಿಸೋಣ ಬಾ ಅಂತ ಬೆನ್ನು ಹತ್ತಿದ. ಹರ್ಲಿಯೂ ಸೇರಿ ಮತ್ತೆ ಮೂವರಾದರು. ಫೈರ್‌ಹೋಸ್ ಅನ್ನುವ ಆ ಹೊಸ ಬ್ಯಾಂಡಿನ ಆಲ್ಬಂಗಳೂ ಬೂನ್‌ನ ನೆನಪಿಗೇ ಅರ್ಪಣೆ.

ಇದನ್ನೆಲ್ಲ ಓದಿ ತಲೆಗೆ ಹತ್ತಿಸಿಕೊಂಡ ವರ್ಷ ನಾವು ಮೂವರು ಗೆಳೆಯರು ಒಂದು ಸ್ವಂತ ಹಾಡು ಕಟ್ಟಿದೆವು. ಗಿಟಾರು, ಬೇಸು, ಡ್ರಮ್ಸು. ಬೀದಿ ನಲ್ಲಿಗೆ ನೀರು ಬಾರದ ವಿಷಯ. ಸರಿಯಾಗಿ ಒಂದು ನಿಮಿಷ ಹತ್ತು ಸೆಕೆಂಡು. ಹೊಂಡದ ಸರ್ಕಲ್ ಹತ್ತಿರ ಮಂಡಕ್ಕಿ, ಮೆಣಸಿನಕಾಯಿ ತಿಂದು ಧೈರ್ಯ ತಂದುಕೊಂಡು, ಗಣಪತಿ ಪೆಂಡಾಲಿನಲ್ಲಿ ಮೊದಲ ಹಾಡೇ ಅದನ್ನು ನುಡಿಸಿಬಿಟ್ಟೆವು. ನಾನು ಕಣ್ಣು ಮುಚ್ಚಿ ನಾಲ್ಕು ತಂತಿಯನ್ನೂ ಜಗ್ಗಿದೆ. ಮುಗಿಯಿತು. ಚಪ್ಪಾಳೆ ಇಲ್ಲ, ಶಿಳ್ಳೆ ಇಲ್ಲ, ಬೈಗುಳವೂ ಇಲ್ಲ. ಮುಂದಿನ ಸಾಲಿನಲ್ಲಿದ್ದ ಕಮಿಟಿ ಯಜಮಾನರು ಟವೆಲ್ಲು ಹೆಗಲಿಗೆ ಹಾಕಿಕೊಂಡು ಎದ್ದು ನಿಂತು ಅಂದರು, "ಚೆಕಿಂಗ್ ಆತಲ್ಲ, ಇನ್ನ ಹಾಡು ಶುರು ಮಾಡ್ರಪ್ಪ."

ನಮಸ್ಕಾರ.