ಮೋಸಂಬಿಗೆ ಸೂಜಿ

ಎಲ್ಲರಿಗೂ ನಮಸ್ಕಾರ. ಅಡುಗೆಮನೆಯಲ್ಲಿ ರೇಡಿಯೋ ಹಾಕಿಕೊಂಡು ಹುರುಳಿಕಾಯಿ ಸೋಸುತ್ತಿರುವ ಅಕ್ಕಂದಿರೇ, ನಾನು ಮಾತಾಡುತ್ತಿರುವುದು ನಿಮ್ಮ ಜೊತೆ.

ನಾನು ಪರ್ಫಾರ್ಮೆನ್ಸ್ ಕಲಾವಿದೆ. ನಾಟಕದ ಹಾಗೆ ಪಾತ್ರ, ಡೈಲಾಗು ಏನೂ ಇರುವುದಿಲ್ಲ. ಜನರ ಎದುರು ನಾನು ನಾನಾಗಿಯೇ ಒಂದು ಕೆಲಸ ಮಾಡುತ್ತೇನೆ, ಅದೇ ಕಲೆ. ನಮ್ಮ ಮಾವನವರು ಈಗಲೂ 'ಡ್ಯಾನ್ಸಾ ಅಮ್ಮ?' ಅಂತಾರೆ.

ನಾನು ಮೂರು ಸಲ ಐವಿಎಫ್ ಮಾಡಿಸಿಕೊಂಡೆ. ಇಂಜೆಕ್ಷನ್ ಕೊಟ್ಟು ಹೆಚ್ಚು ಅಂಡ ಬಲಿಯುವ ಹಾಗೆ ಮಾಡುತ್ತಾರೆ. ಅವನ್ನು ಹೊರಗೆ ತೆಗೆದು, ಲ್ಯಾಬಿನಲ್ಲಿ ವೀರ್ಯದ ಜೊತೆ ಸೇರಿಸಿ, ಬೆಳೆದ ಭ್ರೂಣವನ್ನು ಗರ್ಭಕೋಶದಲ್ಲಿ ಬಿಡುತ್ತಾರೆ. ಇದರಲ್ಲಿ ಬಚ್ಚಿಡುವಂಥದ್ದು ಏನಿದೆ ಹೇಳಿ? ಕೋಲ್ಕತ್ತದಲ್ಲಿ ಡಾಕ್ಟರ್ ಸುಭಾಷ್ ಮುಖೋಪಾಧ್ಯಾಯರು 1978ರಲ್ಲೇ ಇದನ್ನು ಮಾಡಿದ್ದರು. ನಾವು ಇನ್ನೂ ಪಿಸುಗುಡುತ್ತಿದ್ದೇವೆ.

ನಾನೂ ಬಚ್ಚಿಟ್ಟವಳೇ. ಫ್ರಿಜ್ಜಿನಲ್ಲಿ ಕರಿಬೇವಿನ ಕವರಿನ ಹಿಂದೆ ಇಂಜೆಕ್ಷನ್ ಡಬ್ಬಿ. ಕೊನೆಯ ಇಂಜೆಕ್ಷನ್‌ಗೆ ಟ್ರಿಗರ್ ಅಂತಾರೆ. ಅದನ್ನು ಹೇಳಿದ ನಿಮಿಷಕ್ಕೇ ಚುಚ್ಚಿಕೊಳ್ಳಬೇಕು, ಯಾಕೆಂದರೆ ಅದಾಗಿ ಸುಮಾರು 36 ಗಂಟೆಯ ನಂತರ ಅಂಡ ತೆಗೆಯುತ್ತಾರೆ. ನನ್ನದು ರಾತ್ರಿ 9:30ಕ್ಕೆ. ಅವತ್ತೇ ಮಲ್ಲೇಶ್ವರದಲ್ಲಿ ರಿಸೆಪ್ಷನ್! ಟಿಫನ್ ಡಬ್ಬಿಯೊಳಗೆ ಐಸ್ ಪ್ಯಾಕ್, ಅದರ ಪಕ್ಕ ಸೂಜಿ, ಮೈಮೇಲೆ ರೇಷ್ಮೆ ಸೀರೆ. ಛತ್ರದ ಬಚ್ಚಲಲ್ಲಿ ಡಬ್ಬಿ ಇಡಲು ಜಾಗವಿಲ್ಲ. ಬಕೆಟ್ ಬೋರಲು ಹಾಕಿ ಅದರ ಮೇಲಿಟ್ಟೆ. ಸೆರಗನ್ನು ಹಲ್ಲಲ್ಲಿ ಕಚ್ಚಿಕೊಂಡು, ಹೊಕ್ಕಳಿಂದ ಎರಡು ಬೆರಳು ಪಕ್ಕಕ್ಕೆ ಚುಚ್ಚಿಕೊಂಡೆ. ಹೊರಗೆ ಯಾರೋ ಬಾಗಿಲು ಬಡಿಯುತ್ತಲೇ ಇದ್ದರು. ಬೆವರು ಒರೆಸಿಕೊಂಡು ಆಚೆ ಬಂದರೆ ದೊಡ್ಡಮ್ಮ. ಮುಖ ಅರಳಿತ್ತು. 'ಏನೇ, ವಾಂತಿನಾ? ವಿಶೇಷನಾ?'

ನಾನು 'ಗ್ಯಾಸ್ಟ್ರಿಕ್ಕು ದೊಡ್ಡಮ್ಮ' ಅಂದೆ. ನೋಡಿ, ಸೂಜಿ ನೋಯಲಿಲ್ಲ, ಈ ಸುಳ್ಳು ನೋಯಿತು. ಅದಕ್ಕೇ ಹೇಳುತ್ತಿದ್ದೇನೆ, ಬಚ್ಚಿಡಬೇಡಿ.

ಆ ಬಕೆಟ್ಟೇ ಈಗ ನನ್ನ ವೇದಿಕೆ. ಅದೇ ರೇಷ್ಮೆ ಸೀರೆ ಉಟ್ಟು, ಬಕೆಟ್ ಬೋರಲು ಹಾಕಿ, ಮೋಸಂಬಿ ಇಟ್ಟು ಕೂರುತ್ತೇನೆ. ನರ್ಸ್ ನನಗೆ ಚುಚ್ಚುವುದನ್ನು ಕಲಿಸಿದ್ದು ಮೋಸಂಬಿಯ ಮೇಲೆ. ಬಂದವರು ಒಬ್ಬೊಬ್ಬರಾಗಿ ಸಿರಿಂಜಿಗೆ ನೀರು ತುಂಬಿ ಅದಕ್ಕೆ ಚುಚ್ಚಬೇಕು, ಎಲ್ಲರೆದುರು. ಹನುಮಂತನಗರದ ಒಂದು ಮನೆಯ ತಾರಸಿಯಲ್ಲಿ ಮಾಡಿದಾಗ ಹಿರಿಯರೊಬ್ಬರು ಸಿರಿಂಜು ಹಿಡಿದು ತುಂಬಾ ಹೊತ್ತು ನಿಂತರು. 'ನಮ್ಮನೆಯವಳಿಗೆ ಅರಳಿಕಟ್ಟೆ ಸುತ್ತಿಸಿದ್ವಿ. ನಾನು ಒಂದು ಪರೀಕ್ಷೆನೂ ಮಾಡಿಸ್ಕೊಳ್ಳಲಿಲ್ಲ' ಅಂದರು. ಚುಚ್ಚಲಿಲ್ಲ. ಮೋಸಂಬಿಯನ್ನು ಜೇಬಿಗೆ ಹಾಕಿಕೊಂಡು ಹೋದರು.

ಗಾಜಿನಾಚೆ ಕೈ ತೋರಿಸುತ್ತಿದ್ದಾರೆ, ಸಮಯ ಆಯಿತಂತೆ. ಖರ್ಚು, ಕಾನೂನು ಅಂತ ಬರೆದುಕೊಂಡು ಬಂದಿದ್ದೆ, ಇರಲಿ. ಗಂಡಸರೇ, ನಿಮ್ಮ ವೀರ್ಯ ಪರೀಕ್ಷೆಗೆ ಸೂಜಿಯೂ ಬೇಕಿಲ್ಲ. ಮೊದಲು ಹೋಗಿ ಮಾಡಿಸಿ, ಸುಮ್ನೆ ಹೆಂಡತಿಯನ್ನು ಮುಂದೆ ತಳ್ಳಬೇಡಿ.

ನಿಮಗೆ ಮಗು ಆಯಿತಾ ಅಂತ ಕೇಳುತ್ತೀರಿ, ಗೊತ್ತು. ಇಲ್ಲ, ಮೂರನೇ ಸಲವೂ ಆಗಲಿಲ್ಲ. ದೊಡ್ಡಮ್ಮನಿಗೂ ಹೇಳಿದ್ದೇನೆ. ನಮಸ್ಕಾರ.