ಹರಿದ ಪ್ಯಾಂಟು, ಫೋನಿನ ನಗು

ಕೇಳುಗರಿಗೆ ನಮಸ್ಕಾರ.

ಬೆಳಿಗ್ಗೆ ಮಾರಿಕುಪ್ಪಂನಿಂದ ಬೆಂಗಳೂರಿಗೆ ಹೊರಡುವ ರೈಲು ಹತ್ತಿ ನೋಡಿ. ಮಂಡಿ ಹರಿದ ಜೀನ್ಸು, ಅಂಚು ಪಿಸಿದ ಟೀ ಶರ್ಟು, ಬೇಕಂತಲೇ ಕೊಳೆ ಬಳಿದಂತಿರುವ ಶೂ. ಬಂಗಾರಪೇಟೆಯಲ್ಲಿ ಹತ್ತುವ ಹಿರಿಯರು, 'ಯಾಕಪ್ಪಾ, ನಾಯಿ ಗೀಯಿ ಕಚ್ತಾ?' ಅಂತಾರೆ. ಹುಡುಗನೂ ನಗುತ್ತಾನೆ. ಅಲ್ಲಿಗೆ ಮುಗೀತು.

ಫೋನಿನೊಳಗಿನ ನಗು ಹಾಗೆ ಮುಗಿಯುವುದಿಲ್ಲ. ಬಿಗಿಯಾದ ಹರುಕು ಜೀನ್ಸ್, ಕೂದಲಿಗೆ ಬಣ್ಣ, ಬೈಕಿನ ಮೇಲೆ ಕೂತು ಒಂದು ರೀಲ್ಸ್. ಕೆಳಗೆ ಕಾಮೆಂಟುಗಳಲ್ಲಿ ಒಂದೇ ಮಾತು: 'ಚಪ್ರಿ', ಅಂದರೆ ಅಗ್ಗದ ಶೋಕಿಯವನು. ಉತ್ತರದ ಕಡೆಯಿಂದ ಬಂದ ಬೈಗುಳ ಇದು. ಗುಡಿಸಲಿಗೆ ಚಪ್ಪರ ಹೊದಿಸುತ್ತಿದ್ದ ಅಲೆಮಾರಿ ಜನರ ಹೆಸರಿನಿಂದ ಬಂತು ಎನ್ನುತ್ತಾರೆ. ಬ್ರಿಟಿಷರು ಆ ಜನರನ್ನು ಅಪರಾಧಿ ಬುಡಕಟ್ಟು ಅಂತ ಪಟ್ಟಿ ಮಾಡಿದ್ದರು. ನಮ್ಮ ಹುಡುಗರಿಗೆ ಇದೆಲ್ಲ ಗೊತ್ತಿಲ್ಲ. ಸುಮ್ನೆ ಬಾಯಿಗೆ ಬಂತು, ಟೈಪ್ ಮಾಡಿದರು.

ಅದೇ ಹರುಕನ್ನು ದುಬಾರಿ ಶೂ, ದೊಗಲೆ ಜಾಕೆಟ್ ಜೊತೆ ಇನ್ನೊಬ್ಬ ಹಾಕಲಿ. ಅದು 'ಡ್ರಿಪ್', ಅಂದರೆ ಭಾರೀ ಸ್ಟೈಲು! ಬೆಂಕಿ ಇಮೋಜಿ ಸುರಿಯುತ್ತವೆ. ತೂತು ನೋಡಿ ಯಾರೂ ನಗುವುದಿಲ್ಲ, ತೂತಿನ ಹಿಂದಿರುವ ಜೇಬು ನೋಡಿ ನಗುತ್ತಾರೆ. ಬಿಗಿ ಜೀನ್ಸಿಗೆ ಗೇಲಿ ಜಾಸ್ತಿಯಾದ ಮೇಲೆ ಹುಡುಗರು ದೊಗಲೆ ಪ್ಯಾಂಟಿಗೆ ಹಾರಿದರು. ನಮ್ಮ ಕೆಜಿಎಫ್‌ನ ರಾಬರ್ಟ್‌ಸನ್‌ಪೇಟೆಯ ಅಂಗಡಿಗಳಲ್ಲೂ ಈಗ ಬ್ಯಾಗಿಯೇ ಮುಂದೆ ನೇತಾಡುತ್ತದೆ.

ದೊಡ್ಡ ಕಂಪನಿಗಳಿಗೆ ಮಾತ್ರ ಈ ಲೇವಡಿ ಒಳ್ಳೆಯ ಬೆಳೆ. 2022ರ ಮೇ ತಿಂಗಳಲ್ಲಿ ಬಲೆನ್ಸಿಯಾಗ ಎಂಬ ಫ್ಯಾಷನ್ ಕಂಪನಿ ಚಿಂದಿಯಾದ, ಮಸಿ ಹಿಡಿದ 100 ಜೊತೆ ಶೂ ಮಾರಾಟಕ್ಕಿಟ್ಟಿತು. ಬೆಲೆ 1,850 ಡಾಲರ್, ಆಗಿನ ಲೆಕ್ಕದಲ್ಲಿ ಸುಮಾರು 1.4 ಲಕ್ಷ ರೂಪಾಯಿ! ತಿಪ್ಪೆಗೆ ಎಸೆದರೂ ಯಾರೂ ಎತ್ತಿಕೊಳ್ಳದಂಥ ಶೂ. ಜಗತ್ತೆಲ್ಲ ನಕ್ಕಿತು, ಮೀಮ್ ಮಾಡಿತು, ಹಂಚಿತು. ಕಂಪನಿಗೆ ಬಿಟ್ಟಿ ಪ್ರಚಾರ. ನನಗಂತೂ ಅವರು ನಗಿಸಲೆಂದೇ ಆ ಫೋಟೋ ಬಿಟ್ಟರು ಅನ್ನಿಸುತ್ತದೆ.

ಬೈಗುಳವನ್ನೇ ಬೋರ್ಡಿಗೆ ಏರಿಸಿದವರೂ ಇದ್ದಾರೆ. ಬ್ರ್ಯಾಂಡಿನ ಹಿಂದೆ ಓಡುವವರನ್ನು 'ಹೈಪ್‌ಬೀಸ್ಟ್' ಅಂತ ಅಣಕಿಸುತ್ತಿದ್ದರು. ಕೆವಿನ್ ಮಾ ಎಂಬವರು 2005ರಲ್ಲಿ ಅದೇ ಹೆಸರಿಟ್ಟು ಶೂಗಳ ಬಗ್ಗೆ ವೆಬ್‌ಸೈಟ್ ಶುರು ಮಾಡಿದರು. ಈಗ ಅದು ಹಾಂಗ್‌ಕಾಂಗ್ ಷೇರುಪೇಟೆಯಲ್ಲಿರುವ ಕಂಪನಿ. ನಾಳೆ ಯಾರಾದರೂ 'ಚಪ್ರಿ' ಅಂತಲೇ ಎದೆ ಮೇಲೆ ಬರೆಸಿ ಮಾರಿದರೆ ನನಗೆ ಆಶ್ಚರ್ಯವಿಲ್ಲ.

ಈ ಗದ್ದಲದಲ್ಲಿ ಪ್ಯಾಂಟು ಹರಿದವರು ಯಾರು ಅಂತ ಯಾರೂ ಕೇಳುವುದಿಲ್ಲ. ಜೀನ್ಸಿನ ಡೆನಿಮ್ ಬಟ್ಟೆಯಲ್ಲಿ ಹಾಸು, ಅಂದರೆ ಉದ್ದದ ಎಳೆ, ನೀಲಿ; ಹೊಕ್ಕು, ಅಂದರೆ ಅಡ್ಡ ಎಳೆ, ಬಿಳಿ. ನೀಲಿ ಎಳೆಗಳನ್ನಷ್ಟೇ ತೆಗೆದರೆ ಮಂಡಿಯ ಮೇಲೆ ಬಿಳಿ ದಾರ ಅಡ್ಡಡ್ಡ ಉಳಿಯುತ್ತದೆ. ತಾಳ್ಮೆಯ ಕೈಕೆಲಸ ಅದು. ಹಳೆಯದಾದಂತೆ ಬಣ್ಣ ಮಾಸಿಸಲು ಮರಳನ್ನು ಗಾಳಿಯ ರಭಸದಲ್ಲಿ ಬಟ್ಟೆಗೆ ಹೊಡೆಯುವ ಪದ್ಧತಿಯೂ ಇತ್ತು. ಟರ್ಕಿಯಲ್ಲಿ ಆ ಕೆಲಸ ಮಾಡಿದ ಎಳೆಯ ಹುಡುಗರ ಶ್ವಾಸಕೋಶಕ್ಕೆ ದೂಳು ಹೊಕ್ಕು ಸಿಲಿಕೋಸಿಸ್ ಬಂತು, ಸತ್ತವರೂ ಇದ್ದಾರೆ. 2009ರಲ್ಲಿ ಅಲ್ಲಿನ ಸರ್ಕಾರ ಅದನ್ನು ನಿಷೇಧಿಸಿತು. ಸಿಲಿಕೋಸಿಸ್ ಅಂದರೇನು ಅಂತ ಕೆಜಿಎಫ್‌ನವರಿಗೆ ನಾನು ಬಿಡಿಸಿ ಹೇಳಬೇಕಿಲ್ಲ. ಗಣಿಗೆ ಇಳಿದವರ ಮನೆಗಳಲ್ಲಿ ಆ ಕೆಮ್ಮು ಕೇಳಿದವರು ನೀವು. ಜೀನ್ಸ್ ಹುಟ್ಟಿದ್ದೂ ಇಂಥ ದುಡಿಮೆಗಾರರಿಗಾಗಿಯೇ. ಜೇಬು ಹರಿಯದಿರಲೆಂದು ತಾಮ್ರದ ರಿವೆಟ್ ಹೊಡೆಯುವ ಉಪಾಯಕ್ಕೆ ಅಮೆರಿಕದಲ್ಲಿ ಲೆವಿ ಸ್ಟ್ರಾಸ್ ಮತ್ತು ಜೇಕಬ್ ಡೇವಿಸ್ 1873ರಲ್ಲಿ ಪೇಟೆಂಟ್ ಪಡೆದರು.

ನಮ್ಮ ಕಡೆಯ ಟೈಲರುಗಳಿಗೆ ಈಗ ಇನ್ನೊಂದು ಕೆಲಸ ಸಿಕ್ಕಿದೆ. ಹರಿದ ಜಾಗಕ್ಕೆ ಒಳಗಿನಿಂದ ತೇಪೆ ಹಾಕಿಕೊಡುವುದು. ತೂತು ಕಾಣಬೇಕು, ಮಂಡಿ ಕಾಣಬಾರದು. ಫೋಟೋದಲ್ಲಿ ಸ್ಟೈಲ್ ಕೆಡಬಾರದು, ಕಾಲೇಜು ಗೇಟಿನಲ್ಲಿ ಬೈಸಿಕೊಳ್ಳಲೂಬಾರದು, ಅಲ್ವಾ?

ನಮಸ್ಕಾರ.