ಕಾಗದ ಇಟ್ಟುಕೊಂಡಿದ್ದೀರಾ?

ಎಲ್ಲರಿಗೂ ನಮಸ್ಕಾರ. ತುಮಕೂರು, ಶಿರಾ, ಮಧುಗಿರಿ, ಪಾವಗಡ ಕಡೆ ರೇಡಿಯೊ ಹಾಕಿಕೊಂಡು ಕೂತಿರುವ ನೀರುಗಂಟಿಗಳು, ಹಾಸ್ಟೆಲ್ ಅಡುಗೆಯವರು, ಕಚೇರಿ ಗುಡಿಸುವ ಅಕ್ಕಂದಿರು, ಕಂಪ್ಯೂಟರ್ ಮುಂದೆ ಕೂರುವ ಗುತ್ತಿಗೆ ಹುಡುಗರು, ಇವತ್ತಿನ ಮಾತು ನಿಮಗೇ.

ನನ್ನ ಹತ್ತಿರ ಬರುವವರೆಲ್ಲ ಕೇಳುವುದು ಒಂದೇ. "ಹತ್ತು ವರ್ಷ ತುಂಬ್ತು ಸಾರ್, ಖಾಯಂ ಆಗುತ್ತೆ ಅಲ್ವಾ?" ಇಲ್ಲ. ಹತ್ತು ವರ್ಷ ತುಂಬಿದ ಮಾತ್ರಕ್ಕೆ ಯಾರೂ ಖಾಯಂ ಆಗುವುದಿಲ್ಲ. ಈ ಲೆಕ್ಕ ಬಂದಿದ್ದು ನಮ್ಮ ರಾಜ್ಯದ್ದೇ ಕೇಸಿನಿಂದ. ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರ ಉಮಾದೇವಿ ಕೇಸು. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐದು ನ್ಯಾಯಮೂರ್ತಿಗಳು ತೀರ್ಪು ಕೊಟ್ಟರು. ನೇಮಕಾತಿ ನಿಯಮ ಬಿಟ್ಟು ಒಳಗೆ ಬಂದವರಿಗೆ ಖಾಯಂ ಹಕ್ಕಿಲ್ಲ ಅಂದರು. ಆದರೆ ಅರ್ಹತೆ ಇದ್ದು, ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಆಸರೆ ಇಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಸಲಕ್ಕೆ ಸಕ್ರಮ ಮಾಡಿ, ಅಂದರೆ ಖಾಯಂ ಮಾಡಿ ಅಂದರು. ಜನ ಹತ್ತು ವರ್ಷ ಅನ್ನುವುದನ್ನು ಹಿಡಿದುಕೊಂಡರು, ಮಿಕ್ಕಿದ್ದೆಲ್ಲ ಬಿಟ್ಟರು!

ಕೋರ್ಟು ಕೇಳುವುದು ಇಷ್ಟು. ಯಾರು ಕೆಲಸಕ್ಕೆ ತೆಗೆದುಕೊಂಡರು? ಹುದ್ದೆ ಇತ್ತಾ? ಬಿಡದೆ ದುಡಿದಿದ್ದೀಯಾ? ಮೂರಕ್ಕೂ ಉತ್ತರ ಕಾಗದದಲ್ಲಿರಬೇಕು. ಬಾಯಿಮಾತು ನಡೆಯುವುದಿಲ್ಲ.

ಶಿರಾ ಕಡೆಯ ಒಬ್ಬ ಅಕ್ಕ ಬಂದಿದ್ದರು. ಒಂದು ಕಚೇರಿಯಲ್ಲಿ ವರ್ಷಾನುಗಟ್ಟಲೆ ಕಸ ಗುಡಿಸಿದವರು. ಗುತ್ತಿಗೆ ಏಜೆನ್ಸಿಗಳು ಬದಲಾದವು, ಪೊರಕೆ ಹಿಡಿದ ಕೈ ಅದೇ. ಒಂದು ದಿನ ನಾಳೆಯಿಂದ ಬರಬೇಡ ಅಂದರು. ಕೇಳಿದ್ದಕ್ಕೆ, "ಈಕೆ ಯಾರೋ ನಮಗೆ ಗೊತ್ತೇ ಇಲ್ಲ" ಅಂತ ಬರೆದುಕೊಟ್ಟರು. ನೇಮಕಾತಿ ಪತ್ರ ಇದೆಯಾ ಅಮ್ಮಾ ಅಂದೆ. ಇಲ್ಲ. ಸಂಬಳದ ಚೀಟಿ? ಕೈಗೇ ಕೊಡುತ್ತಿದ್ದರು. ನನಗೂ ಸಿಟ್ಟು ಬಂತು ಅನ್ನಿ. ಆಮೇಲೆ ಅವರು ಅಕ್ಕಿ ಚೀಲ ಬಿಚ್ಚಿದರು. ಅದರಲ್ಲೊಂದು ಮಡಚಿದ ಚೀಟಿ. "ನಾಳೆ ಸಾಹೇಬರು ಬರುತ್ತಾರೆ, ಏಳು ಗಂಟೆಗೇ ಬಂದು ಮೆಟ್ಟಿಲು ತೊಳೆಯಬೇಕು." ಕೆಳಗೆ ತಾರೀಖು, ಕಚೇರಿಯ ಸೀಲು! ಹಾಗಾದರೆ ಬೆಳಿಗ್ಗೆ ಬೀಗ ತೆಗೆಯುತ್ತಿದ್ದವರು ಯಾರು ಅಂದೆ. "ನಾನೇ ಸಾರ್. ಬೀಗದ ಕೈ ಪುಸ್ತಕಕ್ಕೆ ಹೆಬ್ಬೆಟ್ಟು ಒತ್ತಿ ತಗೋತಿದ್ದೆ." ಹಾಜರಿ ಪುಸ್ತಕದಲ್ಲಿ ಹೆಸರಿಲ್ಲ, ಬೀಗದ ಕೈ ಪುಸ್ತಕದಲ್ಲಿ ದಿನಾ ಹೆಬ್ಬೆಟ್ಟು. ಆ ಪುಸ್ತಕದ ನೆನಪು ಅವರ್ಯಾರಿಗೂ ಇರಲಿಲ್ಲ. ಮಾಹಿತಿ ಹಕ್ಕಿನಲ್ಲಿ ಹತ್ತು ರೂಪಾಯಿ ಕಟ್ಟಿ ಅರ್ಜಿ ಹಾಕಿದೆವು, ನಕಲು ಸಿಕ್ಕಿತು. ಕೇಸು ಇನ್ನೂ ನಡೆಯುತ್ತಿದೆ. ಆದರೆ "ಯಾರೋ ಗೊತ್ತಿಲ್ಲ" ಅನ್ನುವ ಮಾತು ಅವತ್ತೇ ನಿಂತಿತು.

ಸಮಯ ಆಗುತ್ತಾ ಬಂತು, ಬೇಗ ಹೇಳಿಬಿಡುತ್ತೇನೆ. 2024ರ ಡಿಸೆಂಬರ್ 20ರಂದು ಜಗ್ಗೋ ಎಂಬುವರ ಕೇಸಿನಲ್ಲಿ ಸುಪ್ರೀಂ ಕೋರ್ಟು, ಉಮಾದೇವಿ ತೀರ್ಪನ್ನು ಬಡವರ ಮೇಲೆ ಆಯುಧ ಮಾಡಿಕೊಳ್ಳಬೇಡಿ ಎಂಬರ್ಥದಲ್ಲಿ ಹೇಳಿತು. ಈ ಜಗ್ಗೋ ಅವರೂ ಕೇಂದ್ರ ಜಲ ಆಯೋಗದಲ್ಲಿ ಗುಡಿಸುವ ಕೆಲಸದವರೇ. ಕೆಲಸಕ್ಕೆ ವಾಪಸ್ ತೆಗೆದುಕೊಂಡು ಖಾಯಂ ಮಾಡಿ ಅಂತ ಆದೇಶ ಆಯಿತು. ಖಾಯಂ ಆಗದಿದ್ದರೂ ಸಮಾನ ಕೆಲಸಕ್ಕೆ ಸಮಾನ ವೇತನ ಕೇಳಬಹುದು, ಅದು 2016ರಲ್ಲಿ ಪಂಜಾಬಿನ ಜಗಜಿತ್ ಸಿಂಗ್ ಕೇಸಿನಲ್ಲಿ ಸುಪ್ರೀಂ ಕೋರ್ಟೇ ಕೊಟ್ಟ ತೀರ್ಪು. ಹೊರಗುತ್ತಿಗೆಯವರದ್ದು ಇನ್ನೂ ಕಷ್ಟ, ಅದಕ್ಕೇ ಬೇರೆ ದಿನ ಬೇಕು.

ಇವತ್ತೇ ಮಾಡಬೇಕಾದ್ದು: ಪಿಎಫ್ ಚೀಟಿ, ಪಾಸ್‌ಬುಕ್, ಗುರುತಿನ ಚೀಟಿ, ಚುನಾವಣೆ ಕೆಲಸಕ್ಕೆ ಹಾಕಿದ ಆದೇಶ, ಏನಿದೆಯೋ ಎಲ್ಲದರ ಜೆರಾಕ್ಸ್ ಮಾಡಿಸಿ. ಅರ್ಜಿ ಕೊಟ್ಟರೆ ಸ್ವೀಕೃತಿ ಸೀಲು ಹಾಕಿಸಿಕೊಳ್ಳದೆ ಬರಲೇಬೇಡಿ. ಸಾಹೇಬರು ಒಳ್ಳೆಯವರು ಅಂತ ಸುಮ್ನೆ ಇರಬೇಡಿ, ಅವರಿಗೆ ವರ್ಗ ಆಗುತ್ತದೆ.

ವಕೀಲರಿಗೆ ದುಡ್ಡಿಲ್ಲ ಅಂತೀರಾ? ಹೆಂಗಸರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಕಾನೂನು ಸೇವಾ ಪ್ರಾಧಿಕಾರದಲ್ಲಿ ವಕೀಲರು ಉಚಿತ. 15100ಕ್ಕೆ ಫೋನ್ ಮಾಡಿ. ನಮಸ್ಕಾರ.